ಒಂದು ಕೊಕ್ಕೆ ಇಲ್ಲದ ಪಾತಾಳಗರಡಿ

ಈ ಮಾತನ್ನು ನನಗೆ ಮೊದಲು ಹೇಳಿದವಳು ನಮ್ಮ ದೊಡ್ಡವ್ವ ಗುರುಬಸವ್ವ, ಶ್ರಾವಣದ ಪೂಜೆಗೆ ಬಿಲ್ವಪತ್ರೆ ಬಿಡಿಸುತ್ತ ಕೂತಾಗ. ಅವಳಿಗೆ ಅವಳ ಅತ್ತೆ ಹೇಳಿದ್ದಂತೆ.

ಯಾವ ಕಾಲವೋ, ಬಲ್ಲವರಿಲ್ಲ. ಬಹಳ ಹಿಂದೆ ನಾಗರಮಟ್ಟಿ ಎಂಬ ಒಂದೂರಲ್ಲಿ ಹಾಲವ್ವ ಎಂಬ ವಿಧವೆ ಇದ್ದಳು. ಊರಿಗೆಲ್ಲ ಇದ್ದದ್ದು ಒಂದೇ ಪಾತಾಳಗರಡಿ, ಅದು ಅವಳ ಮನೆಯಲ್ಲಿ. ಬಾವಿಗೆ ಬಿದ್ದ ಕೊಡ, ಬಿಂದಿಗೆ ಎತ್ತುವ ಕಬ್ಬಿಣದ ಕೊಕ್ಕೆಗಳ ಗೊಂಚಲು ಅದು. ಒಯ್ಯುವವರು ತಮ್ಮ ಮನೆಯ ಒಂದು ಪಾತ್ರೆ ಅಡ ಇಡಬೇಕು. ಗರಡಿ ಮುಕ್ಕಾಗದೆ ತಿರುಗಿ ಬಂದರೇ ಆ ಪಾತ್ರೆ ವಾಪಸು. ಒಡಹುಟ್ಟಿದ ಅಣ್ಣನಿಗೂ ಅವಳು ಅಡವಿಲ್ಲದೆ ಕೊಡಲಿಲ್ಲವಂತೆ. ಬಾವಿಗೆ ಬಿದ್ದ ಮೂಗುತಿಯನ್ನೂ ಅವಳ ಗರಡಿ ಎತ್ತಿತ್ತು ಅಂತಾರೆ.

ಹೀಗಿರುವಾಗ ಎಣ್ಣೆ ಮಾರುವ ರಾಚಪ್ಪ ಹೊಲದ ಬದುವಿನಲ್ಲಿ ತಲೆ ಒಡೆದು ಸತ್ತು ಬಿದ್ದಿದ್ದ. ಹಿಂದಿನ ದಿನ ಅವನೊಂದಿಗೆ ನೀರಿನ ಪಾಳಿಗಾಗಿ ಜಗಳಾಡಿದವನು ದುರಗಪ್ಪ. ಊರವರು ಅವನನ್ನು ಚಾವಡಿಯಲ್ಲಿ ಕೂರಿಸಿದರು. ಮೂರು ದಿನ ನಿದ್ದೆ ಕೊಡಲಿಲ್ಲ, ನೀರು ಕೊಡಲಿಲ್ಲ. ಮೂರನೆಯ ದಿನ ಮಧ್ಯಾಹ್ನ ಅವನು, ಹೌದು, ನಾನೇ ಕೊಂದೆ, ಕೊಡಲಿಯನ್ನು ಕಲ್ಲುಬಾವಿಗೆ ಎಸೆದೆ ಅಂದ. ಅಂದ ಮೇಲೆ ನೀರು ಕೊಟ್ಟರು.

ಊರಗೌಡ ಗಲ್ಲು ಅಂದ. ಆದರೆ ಆ ಸೀಮೆಯನ್ನಾಳುವ ದೇಸಾಯರು ಇನ್ನೊಮ್ಮೆ ವಿಚಾರಿಸದೆ ಹಗ್ಗ ಹಾಕುವಂತಿರಲಿಲ್ಲ. ದುರಗಪ್ಪನ ಹೆಂಡತಿ ಕೆಂಚವ್ವ ಹಾಲವ್ವನನ್ನು ಜೊತೆಗೆ ಕರೆದುಕೊಂಡು ವಾಡೆಗೆ ಹೋಗಿ ದೇಸಾಯರ ಕಾಲಿಗೆ ಬಿದ್ದಳು. ತಾನೇ ಒಪ್ಪಿಕೊಂಡ ಮೇಲೆ ನಾನು ವಿಚಾರಿಸಲು ಉಳಿದದ್ದೇನು ಅಂದರಂತೆ ದೇಸಾಯರು. ಆಗ ಕಂಬದ ಮರೆಯಿಂದ ಹಾಲವ್ವ ಅಂದಳು:

"ಅಂವ ಹೇಳ್ಯಾನ, ಖರೆ ಧಣ್ಯಾರ. ಬಾವ್ಯಾಗ ಏನೈತಿ ಅನ್ನೂದನ್ನೂ ಒಮ್ಮೆ ನೋಡ್ರಿ."

"ನಾಳೆ ಬಾವೀನೂ ಸಾಕ್ಷಿಗೆ ಕರೀತಾಳ ನಮ್ಮ ಹಾಲವ್ವ," ಎಂದು ಅಲ್ಲೇ ಕೂತಿದ್ದ ಗೌಡ ನಕ್ಕ. ದೇಸಾಯರು ನಗಲಿಲ್ಲ, ಬಾವಿಗೆ ಗರಡಿ ಇಳಿಸಲು ಹೇಳಿದರು.

ಮರುದಿನ ಬೆಳಿಗ್ಗೆ ಊರೆಲ್ಲ ಬಾವಿಕಟ್ಟೆಯಲ್ಲಿತ್ತು. ದೇಸಾಯರೂ ಬಂದಿದ್ದರು, ದುರಗಪ್ಪನನ್ನೂ ಕೈಕಟ್ಟಿ ಕರೆತಂದಿದ್ದರು. ಗರಡಿ ಬರಿದೇ ಬರಲಿ ಎಂದು ಹಾಲವ್ವ ಮಲ್ಲಯ್ಯನಿಗೆ ಹರಕೆ ಹೊತ್ತದ್ದು ಜೀವಮಾನದಲ್ಲಿ ಅದೊಂದೇ ಸಲವಂತೆ. ಮೊದಲ ಸಲ ಕೆಸರು ಬಂತು. ಎರಡನೆಯ ಸಲ ಒಡೆದ ಗಡಿಗೆಯ ಕಂಠ ಬಂತು. ಕೆಂಚವ್ವ ತಾಳಿಯನ್ನು ಮುಷ್ಟಿಯಲ್ಲಿ ಹಿಡಿದು ನಿಂತೇ ಇದ್ದಳು.

ಮೂರನೆಯ ಸಲ ಹಗ್ಗ ಬಿಗಿಯಿತು. ಹಾಲವ್ವನ ಕೈಗೆ ಗೊತ್ತಾಯಿತು, ಇದು ಕಬ್ಬಿಣ. ಒಮ್ಮೆ ಹಗ್ಗ ಕೊಡವಿದರೆ ಸಾಕು, ಬಿದ್ದುಹೋಗುತ್ತದೆ, ಯಾರಿಗೂ ತಿಳಿಯುವುದಿಲ್ಲ. ಆದರೆ ಮೇಲೊಬ್ಬ ನೋಡುತ್ತಾನಲ್ಲ. ಕಣ್ಣು ಮುಚ್ಚಿ ಎಳೆದಳು.

ಕೊಡಲಿ ಬಂತು.

ಮುಗೀತು ಬಿಡು, ಅಂದರು ಜನ. ಕೆಂಚವ್ವ ನಿಂತಲ್ಲೇ ಕುಸಿದಳು. ಗೌಡ ಹಗ್ಗ ತರಲು ಆಳನ್ನು ಅಟ್ಟಿದ. ಅಯ್ಯೋ, ನಾನೇ ನನ್ನ ಕೈಯಾರೆ ಅವನನ್ನು ಕೊಂದೆನಲ್ಲ ಎಂದು ಹಾಲವ್ವ ಆ ಕೊಡಲಿಯನ್ನು ಮಡಿಲಲ್ಲಿಟ್ಟುಕೊಂಡು ಕೂತುಬಿಟ್ಟಳು. ಕೂತವಳು ಸೆರಗಿನಿಂದ ಕೆಸರು ಒರೆಸಿದಳು. ಒರೆಸಿದಷ್ಟೂ ತುಕ್ಕು ಹಪ್ಪಳದಂತೆ ಕಳಚಿತು. ಕಟ್ಟಿಗೆಯ ಕಾವು ಕೊಳೆತು ಬೆರಳಿಗೆ ಹಿಟ್ಟಿನಂತೆ ಅಂಟಿತು. ರಾಚಪ್ಪ ಸತ್ತು ಇನ್ನೂ ಹತ್ತು ದಿನವಾಗಿರಲಿಲ್ಲ. ಕೊಡಲಿಯ ಕೊರಳಿಗೆ ಮುರಿದ ಕೊಕ್ಕೆಯೊಂದು ಕಚ್ಚಿಕೊಂಡು, ತುಕ್ಕಿನಲ್ಲಿ ಒಂದಾಗಿ ಹೋಗಿತ್ತು.

ಹಾಲವ್ವ ತನ್ನ ಗರಡಿ ಎತ್ತಿದಳು. ಒಂಬತ್ತು ವರ್ಷದಿಂದ ಅದರಲ್ಲಿ ಒಂದು ಕೊಕ್ಕೆ ಇರಲಿಲ್ಲ. ಮುರಿದ ತುದಿಗೆ ಮುರಿದ ತುದಿ ಹಿಡಿದಳು. ಕೂಡಿತು. ಮನೆಗೆ ಹೋಗಿ, ನೆಲುವಿನ ಮೇಲೆ ಒಂಬತ್ತು ವರ್ಷದಿಂದ ಅಡ ಬಿದ್ದಿದ್ದ ತಾಮ್ರದ ಚೆಂಬು ತಂದು ದುರಗಪ್ಪನ ಮುಂದಿಟ್ಟಳು.

"ಇದು ನಿಂದಲ್ಲೇನೋ ತಮ್ಮಾ? ಆವತ್ತು ಬಾವ್ಯಾಗ ಏನ ಬಿದ್ದಿತ್ತು, ಹೇಳು."

ದುರಗಪ್ಪ ಚೆಂಬು ನೋಡಿ ಅತ್ತ. ಬಾವಿಯ ಗೋಡೆಯಲ್ಲಿ ಹುಟ್ಟಿದ ಆಲದ ಸಸಿ ಕಡಿಯುವಾಗ ಅಪ್ಪನ ಕೊಡಲಿ ಜಾರಿ ಬಿದ್ದಿತ್ತಂತೆ. ಅಪ್ಪನ ಭಯಕ್ಕೆ ಯಾರಿಗೂ ಹೇಳದೆ ಗರಡಿ ಒಯ್ದಿದ್ದ. ಕೊಡಲಿ ಕಲ್ಲಿನ ಸಂದಿಯಲ್ಲಿ ಸಿಕ್ಕಿ ಕೊಕ್ಕೆ ಮುರಿಯಿತು, ಮುರಿದ ಗರಡಿಯನ್ನೇ ತಿರುಗಿ ಕೊಟ್ಟಿದ್ದ. ನಾಚಿಕೆಗೆ ಚೆಂಬು ಬಿಡಿಸಿಕೊಳ್ಳಲು ಬರಲೇ ಇಲ್ಲ. ಚಾವಡಿಯಲ್ಲಿ ಕೊಡಲಿ ಎಲ್ಲಿ, ಕೊಡಲಿ ಎಲ್ಲಿ ಎಂದು ಮೂರು ದಿನ ಕೇಳಿದಾಗ, ಕಾಣದಂತಾದ ಕೊಡಲಿಯೆಂದರೆ ಅವನಿಗೆ ಗೊತ್ತಿದ್ದದ್ದು ಅದೊಂದೇ.

ದೇಸಾಯರು ಅವನ ಕಟ್ಟು ಬಿಚ್ಚಿಸಿದರು. ಚಾವಡಿಯ ಹಿರಿಯರ ಮುಖ ನೋಡದೆ ಕುದುರೆ ಹತ್ತಿದರು ಅಂತಾರೆ.

ರಾಚಪ್ಪನನ್ನು ಕೊಂದವನು ಯಾರೆಂದು ಕೊನೆಗೂ ತಿಳಿಯಲಿಲ್ಲ. ಅವನೂ ಅದೇ ಬಾವಿಯ ನೀರು ಕುಡಿದು ಬಾಳಿದನೇನೋ. ಹಾಲವ್ವ ಸಾಯುವ ತನಕ, ನೀರು ಸೇದಲು ಬಂದವರ ಕೈಗಳನ್ನೇ ನೋಡುತ್ತಿದ್ದಳಂತೆ.

ಆ ಊರಿನ ಗರಡಿಯಲ್ಲಿ ಇವತ್ತಿಗೂ ಒಂದು ಕೊಕ್ಕೆಯ ಜಾಗ ಖಾಲಿ. ಯಾರೂ ತುಂಬಿಸುವುದಿಲ್ಲ. ಚಾವಡಿಯಲ್ಲಿ ಯಾರಾದರೂ ತಪ್ಪು ಒಪ್ಪಿಕೊಂಡರೆ, ಅವರಿಗೆ ಚೆಂಬು ತುಂಬ ನೀರು ಕೊಟ್ಟು, ಒಂದು ರಾತ್ರಿ ಮಲಗಿಸಿ, ಬೆಳಿಗ್ಗೆ ಮತ್ತೆ ಕೇಳುತ್ತಾರೆ. ಆಮೇಲೆ ಎದ್ದು ಹೋಗಿ ಕಣ್ಣಾರೆ ನೋಡಿ ಬರುತ್ತಾರೆ.

ಕೇಳಿದಿರಲ್ಲ, ಇದನ್ನು ನಿಮ್ಮಲ್ಲೇ ಇಟ್ಟುಕೊಳ್ಳಬೇಡಿ. ನಿಮ್ಮ ಮನೆಯ ಜಗಲಿಯ ಮೇಲೂ ಒಮ್ಮೆ ಹೇಳಿ.