ಮಗಳ ಕೊನೆಯ ಪಂದ್ಯ

ಶಿಷ್ಯ ಕೇಳಿದ: "ಗುರುಗಳೇ, ಬೆಳಿಗ್ಗೆ ನೀವು ಹೇಳಿದ್ದನ್ನು ಸಂಜೆ ನಾನು ಜನರಿಗೆ ಹೇಳುತ್ತೇನೆ. ಎಲ್ಲರೂ ತಲೆದೂಗುತ್ತಾರೆ. ಆದರೂ ನನ್ನ ಮನಸ್ಸಿಗೆ ಒಂದು ಗಳಿಗೆ ನೆಮ್ಮದಿಯಿಲ್ಲ. ಯಾಕೆ?"

ಗುರುಗಳು ಒಂದು ಕತೆ ಹೇಳಿದರು.

ಒಬ್ಬ ವೀಕ್ಷಕ ವಿವರಣೆಗಾರನಿದ್ದ. ಟೀವಿಯಲ್ಲಿ ಬ್ಯಾಸ್ಕೆಟ್‌ಬಾಲ್ ಪಂದ್ಯಗಳನ್ನು ವಿವರಿಸುವುದು ಅವನ ಕಸುಬು. ಕೆಲಸಕ್ಕೆ ಸೇರಿದಾಗ ಹಿರಿಯನೊಬ್ಬ ಪಾಠ ಹೇಳಿದ್ದ: "ಅಂಕಣ ನೋಡಬೇಡಪ್ಪ, ಮುಂದಿರೋ ಟೀವಿ ಪರದೆ ನೋಡು. ಮನೇಲಿ ಕೂತವರಿಗೆ ಕಾಣದ್ದನ್ನ ಹೇಳಿದರೆ ಅವರಿಗೆ ತಲೆಬುಡ ಅರ್ಥವಾಗಲ್ಲ." ಅವನು ಆ ಮಾತು ಮೀರಲಿಲ್ಲ. ಆಟ ಕೈಗೆಟುಕುವಷ್ಟು ಹತ್ತಿರ ನಡೆಯುತ್ತಿದ್ದರೂ ತಲೆ ತಗ್ಗಿಸಿ ಮೇಜಿನ ಮೇಲಿನ ಪುಟ್ಟ ಪರದೆಯನ್ನೇ ನೋಡುತ್ತಿದ್ದ. ಕಣ್ಣು ತಪ್ಪಿದರೂ ಭಯವಿರಲಿಲ್ಲ. ಪರದೆಯಲ್ಲಿ ಅದನ್ನೇ ಮತ್ತೆ ತೋರಿಸುತ್ತಿದ್ದರು. ಚೆಂಡಿನ ಹಿಂದೆಯೇ ಅವನ ಮಾತು ಓಡುತ್ತಿತ್ತು. ಹೆಸರು ಬಂತು. ಒಂದೂರಿನ ಪಂದ್ಯ ಮುಗಿಯುವ ಮೊದಲೇ ಇನ್ನೊಂದೂರಿನ ಕರೆ ಬರುತ್ತಿತ್ತು. ಊಟಕ್ಕೆ ಕೂತರೂ ಅವನ ಬೆರಳು ಮೇಜು ಬಡಿಯುವುದನ್ನು ಬಿಡುತ್ತಿರಲಿಲ್ಲ.

ಅವನ ಮಗಳೂ ಆಡುತ್ತಿದ್ದಳು. ಅವಳ ಒಂದು ಪಂದ್ಯವನ್ನೂ ಅವನು ನೋಡಿರಲಿಲ್ಲ. ಕಾಲೇಜಿನ ಕೊನೆಯ ಪಂದ್ಯದ ಹಿಂದಿನ ದಿನ ಅವಳು, "ಅಪ್ಪಾ, ಇದೊಂದಕ್ಕೆ ಬನ್ನಿ. ಮಾತಾಡೋಕಲ್ಲ, ಸುಮ್ನೆ ನೋಡೋಕೆ," ಎಂದಳು.

ಅವನು ಹೋದ. ಅಲ್ಲಿ ಮೇಜಿರಲಿಲ್ಲ, ಪರದೆಯೂ ಇರಲಿಲ್ಲ. ಹಾಳು ಕಣ್ಣು ಪರದೆ ಹುಡುಕುತ್ತ ಮತ್ತೆ ಮತ್ತೆ ಅವನ ಮೊಣಕಾಲಿನತ್ತಲೇ ಇಳಿಯುತ್ತಿತ್ತು. ಸಮಯ ಮುಗಿಯುತ್ತ ಬಂದಾಗ ಮಗಳ ಕೈಗೆ ಚೆಂಡು ಬಂತು. ಎಲ್ಲರೂ ಎದ್ದು ನಿಂತರು. ಅವನೂ ಎದ್ದ, ಅಭ್ಯಾಸಬಲ, ತಲೆ ತಗ್ಗಿತು. ಕೂಗು ಕೇಳಿ ತಲೆಯೆತ್ತುವಷ್ಟರಲ್ಲಿ ಅವಳ ತಂಡ ಗೆದ್ದಿತ್ತು. ಮತ್ತೆ ತೋರಿಸುತ್ತಾರೆಂದು ಕಾದ. ಯಾರೂ ತೋರಿಸಲಿಲ್ಲ.

ಮಗಳು ಬೆವರು ಒರೆಸುತ್ತ ತಂಡದ ಗೆಳತಿಯರೊಡನೆ ಓಡಿ ಬಂದಳು. "ನೋಡಿದ್ರಾ ಅಪ್ಪಾ?"

ಅವನು ನೋಡಿದ್ದು ತನ್ನ ಮೊಣಕಾಲು ಮಾತ್ರ. ಆದರೆ ಆ ನಾಲಿಗೆ ಸುಮ್ಮನಿರುವುದೇ? "ನೋಡದೆ ಇರ್ತೀನಾ! ಎದುರಿದ್ದವರನ್ನೆಲ್ಲ ತಪ್ಪಿಸಿ ನೀನು ಹಾರಿದ್ದೇನು, ಚೆಂಡನ್ನ ಬುಟ್ಟಿಗೆ ಹಾಕಿದ್ದೇನು!" ಎಂದು ಟೀವಿಯ ದನಿಯಲ್ಲಿ ಶುರುಮಾಡಿದ. ಮಗಳ ಗೆಳತಿಯರು ಮುಖ ಮುಖ ನೋಡಿಕೊಂಡರು.

ಮಗಳು ಪಕ್ಕದ ಗೆಳತಿಯ ಹೆಗಲ ಮೇಲೆ ಕೈಯಿಟ್ಟು ಮೆಲ್ಲಗೆ ಹೇಳಿದಳು: "ನಾನು ಹಾಕಲಿಲ್ಲ ಅಪ್ಪಾ. ಇವಳಿಗೆ ಕೊಟ್ಟೆ, ಇವಳು ಹಾಕಿದ್ಲು."

ಗುರುಗಳು ಕತೆ ನಿಲ್ಲಿಸಿದರು. ಶಿಷ್ಯನ ತುಟಿ ಅಲುಗುತ್ತಿತ್ತು. ಅವನು ಕತೆಯನ್ನು ಆಗಲೇ ಬಾಯಿಪಾಠ ಮಾಡಿಕೊಳ್ಳುತ್ತಿದ್ದ.

"ಸಂಜೆ ಹೇಳುವೆಯಂತೆ," ಎಂದರು ಗುರುಗಳು, "ಈಗ ಈ ಕತೆ ಕೇಳುತ್ತಿರುವವರು ಯಾರು?"

ಶಿಷ್ಯನ ತುಟಿ ನಿಂತಿತು.