ಮೊಂಡು ಮೂಗಿನ ತೋಟಾ

“ಬುದ್ಧೀ, ನನ್ನನ್ನು ಬಿಟ್ಟು ಶಾಂತಬಸವನನ್ನು ಪೀಠಕ್ಕೆ ಆರಿಸಿದಿರಿ. ಅವನಲ್ಲಿ ಏನಿದೆ, ನನ್ನಲ್ಲಿ ಏನಿಲ್ಲ?”

ಹೀಗೆ ಕೇಳಿದವನು ಪಂಚಾಕ್ಷರಿ. ಮಠದ ಶಿಷ್ಯರಲ್ಲಿ ಅವನಷ್ಟು ಓದಿದವನು ಇನ್ನೊಬ್ಬನಿರಲಿಲ್ಲ. ತಮ್ಮ ನಂತರ ಈ ಮಠಕ್ಕೆ ಶಾಂತಬಸವ ಎಂದು ಗುರುಗಳು ಅಂದು ಬೆಳಿಗ್ಗೆ ಭಕ್ತರ ಮುಂದೆ ಹೇಳಿಬಿಟ್ಟಿದ್ದರು. ಪಂಚಾಕ್ಷರಿ ಮಧ್ಯಾಹ್ನದ ಪ್ರಸಾದಕ್ಕೂ ಕೂರದೆ ಬಟ್ಟೆಗಂಟು ಕಟ್ಟಿಕೊಂಡು ಬಂದು ನಿಂತಿದ್ದ. ತಕ್ಕ ಉತ್ತರ ಸಿಗದಿದ್ದರೆ ಆ ಕ್ಷಣವೇ ಮಠ ಬಿಡುವುದೆಂದು ನಿಶ್ಚಯಿಸಿದ್ದ.

ಗುರುಗಳು ಗೋಡೆಗೆ ಒರಗಿ ಕೂತಿದ್ದರು. ಕೆಲವು ದಿನಗಳಿಂದ ಅವರಿಗೆ ಊಟ ಸೇರುತ್ತಿರಲಿಲ್ಲ.

“ಗಂಟು ಕೆಳಗಿಡು,” ಎಂದರು. “ಹೊತ್ತುಕೊಂಡೇ ಜಗಳ ಆಡಿದರೆ ಭುಜ ನೋಯುತ್ತದೆ.”

“ಇದು ಜಗಳವಲ್ಲ ಬುದ್ಧೀ, ನ್ಯಾಯ ಕೇಳುತ್ತಿದ್ದೇನೆ. ಮೊನ್ನೆಯ ಸಭೆಯನ್ನೇ ನೆನೆಯಿರಿ. ಪರವೂರಿನ ಪಂಡಿತ ಪ್ರಶ್ನೆಯ ಮೇಲೆ ಪ್ರಶ್ನೆ ಹಾಕಿ ನಿಮ್ಮನ್ನು ಇಕ್ಕಟ್ಟಿಗೆ ಸಿಕ್ಕಿಸಿದ. ನೀವು ಒಂದು ಮಾತು ತಪ್ಪಿದಿರಿ. ತಕ್ಷಣ ಎದ್ದು ಆ ತಪ್ಪನ್ನು ತಿದ್ದಿದವನು ನಾನು. ಸಭೆಯೆಲ್ಲ ತಲೆದೂಗಿತು. ಆ ಪಂಡಿತನೇ ನಕ್ಕು ತಲೆದೂಗಿದ. ಶಾಂತಬಸವ ಏನು ಮಾಡಿದ? ಎದ್ದುಹೋಗಿ ನಿಮಗೊಂದು ಚೊಂಬು ನೀರು ತಂದ. ನೀರು ತರುವವನಿಗೆ ಪೀಠವೇ?”

“ನೀನು ತಿದ್ದಿದ್ದು ಸರಿಯಾಗಿತ್ತು. ಅದರಲ್ಲಿ ಎಳ್ಳಷ್ಟೂ ತಪ್ಪಿರಲಿಲ್ಲ,” ಎಂದರು ಗುರುಗಳು. “ಮಾತು ಬಲ್ಲವನಿಗೆ ಜಗಳವಿಲ್ಲ ಎನ್ನುತ್ತಾರೆ. ನೀನು ಎರಡನ್ನೂ ಬಲ್ಲೆ. ನನಗಂತೂ ಸಾಕಾಗಿದೆ, ಮರಿ. ವಾದ ಸಾಕು, ಸಭೆ ಸಾಕು, ಯಾರು ಹೆಚ್ಚು ಯಾರು ಕಡಿಮೆ ಎಂದು ತೂಗುವುದು ಸಾಕು. ಆದರೂ ಕೇಳಿದವನಿಗೆ ಉತ್ತರ ಕೊಡದಿದ್ದರೆ ಈ ಕಾವಿ ಉಟ್ಟದ್ದು ಯಾಕೆ? ಕೂತುಕೋ. ಒಂದು ಕೋವಿಯ ಕತೆ ಹೇಳುತ್ತೇನೆ.”

“ಕೋವಿಯ ಕತೆಯೇ?”

“ಹೌದಪ್ಪ, ಕೋವಿಯದೇ. ಲಿಂಗ ಕಟ್ಟಿದವನ ಬಾಯಲ್ಲಿ ಬೇಟೆಯ ಮಾತೇನು ಎಂದು ಮುಖ ಸಿಂಡರಿಸಬೇಡ. ಹಂದಿಯನ್ನು ನಾನು ಹೊಡೆಯಲಿಲ್ಲ, ನೀನು ತಿನ್ನಬೇಕಾಗಿಯೂ ಇಲ್ಲ.”

ಪಂಚಾಕ್ಷರಿ ಕೂತ. ಗಂಟನ್ನು ಮಾತ್ರ ಮಡಿಲಲ್ಲೇ ಇಟ್ಟುಕೊಂಡ. ಗುರುಗಳು ಹೇಳತೊಡಗಿದರು.

ಕಾಡಂಚಿನ ಹಳ್ಳಿಯೊಂದರಲ್ಲಿ ಒಬ್ಬ ರೈತನಿದ್ದ. ಬೇಟೆಗೆ ಇನ್ನೂ ಸರ್ಕಾರದ ತಡೆ ಇಲ್ಲದ ಕಾಲ. ಅವನ ಬಳಿ ಒಂದು ಕೋವಿಯಿತ್ತು. ಕಾಫಿ ತೋಟದ ಬಿಳಿ ದೊರೆಯೊಬ್ಬ ದೇಶ ಬಿಟ್ಟು ಹೋಗುವಾಗ ಅವನ ಅಪ್ಪನಿಗೆ ಕೊಟ್ಟದ್ದು. ಅದರ ರಚನೆಯನ್ನು ಕಿವಿಗೊಟ್ಟು ಕೇಳು, ಕತೆಯೆಲ್ಲ ಅದರ ಮೇಲೆಯೇ ನಿಂತಿದೆ. ಗುಂಡು ಹೊರಡುವ ನಳಿಗೆಯ ಕೆಳಗೆ, ಹೆಚ್ಚುಕಡಿಮೆ ಅಷ್ಟೇ ಉದ್ದದ ಇನ್ನೊಂದು ಕೊಳವೆ. ಗುಂಡು, ಸಿಡಿಮದ್ದು ಎರಡೂ ಸೇರಿದ ತೋಟಾಗಳನ್ನು ಆ ಕೊಳವೆಯಲ್ಲಿ ಒಂದರ ಹಿಂದೆ ಒಂದು ತುಂಬಬೇಕು. ಹಿಂದಿನದರ ಮೂಗು ಮುಂದಿನದರ ಬೆನ್ನಿಗೆ ತಾಗಿಕೊಂಡಿರುತ್ತದೆ. ಹಿಡಿಯ ಬಳಿ ಬಳೆಯಂಥ ಒಂದು ಕೀಲು. ಅದನ್ನು ಕೆಳಗೆ ತಳ್ಳಿ ಮೇಲೆಳೆದರೆ ಖಾಲಿ ತೋಟಾ ಹೊರಗೆ ಹಾರುತ್ತದೆ, ಹೊಸದು ನಳಿಗೆಗೆ ಏರುತ್ತದೆ. ಇಷ್ಟು ನೆನಪಿರಲಿ.

ಆ ಕೋವಿಯ ತೋಟಾಗಳಿಗೆ ಮೊಂಡು ಮೂಗು. ಸೀಸದ ತುದಿಯನ್ನು ಯಾರೋ ಕಲ್ಲಿಗೆ ತಿಕ್ಕಿ ಚಪ್ಪಟೆ ಮಾಡಿದ ಹಾಗೆ. ಅವುಗಳ ಗುಂಡು ಬಹಳ ದೂರ ಹೋಗುತ್ತಿರಲಿಲ್ಲ, ಹೋಗುತ್ತ ಹೋಗುತ್ತ ಕೆಳಗಿಳಿಯುತ್ತಿತ್ತು. ರೈತ ಅದಕ್ಕೆ ಹೊಂದಿಕೊಂಡಿದ್ದ. ಹಂದಿ ಹತ್ತಿರ ಬರುವವರೆಗೆ ಕಾಯುತ್ತಿದ್ದ. ಬಾರದಿದ್ದರೆ ತಾನೇ ತೆವಳಿಕೊಂಡು ಹೋಗುತ್ತಿದ್ದ.

ಒಂದು ವರ್ಷ ಆ ಊರಿಗೆ ಒಂಟಿ ಹಂದಿಯೊಂದು ಗಂಟುಬಿತ್ತು. ರಾಗಿ ಹೊಲವನ್ನು ಹಾಳುಗೆಡವಿದ್ದು ಹಾಗಿರಲಿ, ಹುಲ್ಲು ಕೊಯ್ಯಲು ಹೋಗಿದ್ದ ರೈತನ ಹೆಂಡತಿಯ ತೊಡೆಯನ್ನೇ ಸೀಳಿತು. ಜೀವ ಉಳಿಯಿತು, ಆದರೆ ಅವಳು ಹಾಸಿಗೆ ಹಿಡಿದಳು. ಊರ ಹೆಂಗಸರು ಹೊಲದ ಕಡೆ ಹೋಗುವುದನ್ನೇ ಬಿಟ್ಟರು. ಊರಿಗೆಲ್ಲ ಇದ್ದದ್ದು ಅದೊಂದೇ ಕೋವಿ. ಎಲ್ಲರೂ ರೈತನ ಮುಖ ನೋಡಿದರು.

ಹಂದಿಯೋ, ಮಹಾ ಚಾಣಾಕ್ಷ. ರೈತ ಕೋವಿ ಹಿಡಿದು ಬಂದನೆಂದರೆ ಹಳ್ಳದ ಈಚೆಗೆ ಕಾಲಿಡುತ್ತಿರಲಿಲ್ಲ. ಆಚೆ ದಿಣ್ಣೆಯ ಮೇಲೆ ಬೆಳಗಿನ ಬಿಸಿಲಿಗೆ ಮೈಯೊಡ್ಡಿ ನಿಲ್ಲುತ್ತಿತ್ತು. ಅವನು ಹೊಡೆದ ಗುಂಡು ದಿಣ್ಣೆಯ ಬುಡದ ಮಣ್ಣಿಗೆ ಬೀಳುತ್ತಿತ್ತು. ಅದು ಒಮ್ಮೆ ತಲೆಯೆತ್ತಿ ನೋಡಿ ಮತ್ತೆ ಗೆಡ್ಡೆ ಅಗೆಯುತ್ತಿತ್ತು. ಹಳ್ಳ ದಾಟಿ ಹತ್ತಿರ ಹೋಗೋಣವೆಂದರೆ, ಹೆಂಡತಿಯ ಗಾಯ ಕಂಡವನಿಗೆ ಧೈರ್ಯ ಸಾಲಲಿಲ್ಲ. ಅವನನ್ನು ತಪ್ಪೆನ್ನಲಾರೆ.

ಆ ಹೊತ್ತಿಗೆ ರೈತನ ತಮ್ಮ ರಜೆಯ ಮೇಲೆ ಬಂದ. ಅವನು ಸೈನ್ಯದಲ್ಲಿದ್ದ, ಒಳ್ಳೆಯ ಗುರಿಗಾರನೆಂದು ಹೆಸರು ಪಡೆದಿದ್ದ. ಅತ್ತಿಗೆಯೆಂದರೆ ಅವನಿಗೆ ಹೆತ್ತ ತಾಯಿಯ ಹಾಗೆ. ಅವಳನ್ನು ಕಂಡು ಅತ್ತ. ಆಮೇಲೆ ಅಣ್ಣನ ತೋಟಾವೊಂದನ್ನು ಕೈಗೆತ್ತಿಕೊಂಡು ನಕ್ಕ.

“ಅಣ್ಣಾ, ಇದೇನು ಮೂಗು ಜಜ್ಜಿದ ಗುಂಡು! ಇದರ ಬದಲು ಹುಣಿಸೆ ಬೀಜ ಎಸೆದರೂ ವಾಸಿ. ನಮ್ಮಲ್ಲಿ ಸೂಜಿಯ ಹಾಗೆ ಚೂಪಾಗಿರುತ್ತವೆ. ಗಾಳಿಯನ್ನು ಸೀಳಿಕೊಂಡು ನೇರ ಹೋಗುತ್ತವೆ.”

“ನನ್ನ ಕೋವಿಗೆ ಅದು ಹಿಡಿಸುತ್ತದೇನೋ?” ಎಂದ ಅಣ್ಣ.

“ಅದನ್ನು ನನಗೆ ಬಿಡು.”

ತಮ್ಮನು ಅಣ್ಣನ ಖಾಲಿ ತೋಟಾಗಳನ್ನು ಪೇಟೆಯ ಮದ್ದುಗುಂಡಿನ ವ್ಯಾಪಾರಿಯೊಬ್ಬನ ಬಳಿಗೆ ಒಯ್ದ. ಮದ್ದು ತುಂಬಿಸಿ, ಮೊಂಡು ಗುಂಡಿನ ಬದಲು ಚೂಪು ಗುಂಡು ಕೂರಿಸಿಕೊಂಡು ಬಂದ. ವ್ಯಾಪಾರಿ ಕೇಳಿದ್ದು ಅಳತೆಯೊಂದನ್ನೇ. ಅಳತೆ ಕೂದಲೆಳೆಯಷ್ಟೂ ತಪ್ಪಿರಲಿಲ್ಲ.

ತಮ್ಮ ಕಣ್ಣುಮುಚ್ಚಿ ನಂಬುವವನಲ್ಲ, ಪರೀಕ್ಷೆ ಮಾಡಿದ. ಹಳ್ಳದ ಆಚೆ ಒಂದು ಮಡಕೆ ಇಡಿಸಿ, ಒಂದೇ ಒಂದು ಚೂಪು ತೋಟಾವನ್ನು ನಳಿಗೆಗೆ ಹಾಕಿ ಹೊಡೆದ. ಮಡಕೆ ಚೂರಾಯಿತು. ಇನ್ನೊಂದು ಮಡಕೆ ಇಡಿಸಿ, ಇನ್ನೊಂದು ತೋಟಾ ಹಾಕಿದ. ಅದೂ ಚೂರು. ಊರವರು ಭಲೇ ಎಂದರು. ಹಾಸಿಗೆಯಲ್ಲಿದ್ದ ಅತ್ತಿಗೆ ಸದ್ದು ಕೇಳಿ, ಇನ್ನು ಆ ಹಂದಿಯ ಕತೆ ಮುಗಿಯಿತು ಎಂದುಕೊಂಡಳು.

“ತಮ್ಮ ಮಾಡಿದ್ದೇ ಸರಿ,” ಎಂದ ಪಂಚಾಕ್ಷರಿ.

“ಅಲ್ಲಿಯವರೆಗೆ ತಮ್ಮನೇ ಸರಿ. ನಡುವೆ ಬಾಯಿ ಹಾಕಬೇಡ, ಕೇಳು,” ಎಂದು ಗುರುಗಳು ಮುಂದುವರಿಸಿದರು.

ಮರುದಿನ ಬೆಳಿಗ್ಗೆ ಅಣ್ಣತಮ್ಮಂದಿರು ಹಳ್ಳದ ದಂಡೆಗೆ ಹೋದರು. ಪೆಟ್ಟು ತಿಂದ ಹಂದಿ ಮೈಮೇಲೆ ಬೀಳುತ್ತದೆ, ಬಿಡುವಿಲ್ಲದೆ ಹೊಡೆಯಲು ಸಿದ್ಧವಿರಬೇಕು ಎಂದು ತಮ್ಮನು ಕೊಳವೆಯ ತುಂಬ ಚೂಪು ತೋಟಾಗಳನ್ನು ತುಂಬಿದ. ಅತ್ತಿಗೆಯ ಸೇಡು ನೀನೇ ತೀರಿಸಿಕೋ ಎಂದು ಕೋವಿಯನ್ನು ಅಣ್ಣನ ಕೈಗೆ ಕೊಟ್ಟ. ಹಂದಿ ಎಂದಿನಂತೆ ದಿಣ್ಣೆಯ ಮೇಲಿತ್ತು. ರೈತ ಎಡಗೈಯನ್ನು ಕೊಳವೆಯ ಕೆಳಗೆ ಕೊಟ್ಟು ಗುರಿಯಿಟ್ಟು ಹೊಡೆದ.

ಯಾವ ಕೋವಿಯೇ ಆಗಲಿ, ಹೊಡೆದಾಗ ಒದೆಯುತ್ತದೆ. ಆ ಒದೆತಕ್ಕೆ ಕೊಳವೆಯಲ್ಲಿದ್ದ ತೋಟಾಗಳು ಒಂದಕ್ಕೊಂದು ಬಡಿದವು. ತೋಟಾದ ಬೆನ್ನಲ್ಲಿ ಕೇಪು ಇರುತ್ತದೆ, ಚುಚ್ಚಿದರೆ ಮದ್ದಿಗೆ ಬೆಂಕಿ ಹತ್ತುವುದು ಅಲ್ಲಿಂದ. ಮೊಂಡು ಮೂಗು ಅಲ್ಲಿ ಬಡಿದರೆ ತಟ್ಟಿದ ಹಾಗೆ, ಅಷ್ಟೇ. ಚೂಪು ತುದಿ ಬಡಿದರೆ ಮೊಳೆ ಹೊಡೆದ ಹಾಗೆ. ಹಿಂದಿನ ತೋಟಾ ಮುಂದಿನದರ ಬೆನ್ನನ್ನು ಚುಚ್ಚಿತು. ಕೊಳವೆ ಸಿಡಿಯಿತು. ರೈತನ ಎಡಗೈಯ ಬೆರಳುಗಳು ಹೋದವು. ನೇಗಿಲ ಮೇಳಿ ಹಿಡಿಯುವ ಕೈ ಅದು.

ಹಂದಿಗೇನಾಯಿತು ಎನ್ನುತ್ತೀಯಾ? ಏನೂ ಆಗಲಿಲ್ಲ. ನಳಿಗೆಯಿಂದ ಹೊರಟ ಗುಂಡು ಅದರ ಕಿವಿಯ ಪಕ್ಕದಲ್ಲಿ ಹಾದುಹೋಯಿತು. ಅದು ನೆಮ್ಮದಿಯಾಗಿ ಕಾಡು ಸೇರಿತು.

ತಮ್ಮ ಅಣ್ಣನನ್ನು ಬೆನ್ನ ಮೇಲೆ ಹೊತ್ತು ಆಸ್ಪತ್ರೆಗೆ ಓಡಿದ. ಕೈಗೆ ಕಟ್ಟು ಹಾಕಿಸಿಕೊಂಡು ಮನೆಗೆ ಕರೆತಂದ ಮೇಲೆ ಜಗಲಿಯಲ್ಲಿ ಕೂತು ಆ ಕೋವಿಯನ್ನು ಬಿಚ್ಚಿದ. ಸಿಡಿಯದೆ ಉಳಿದ ಒಂದು ತೋಟಾದ ಕೇಪಿನ ಮೇಲೆ ಸೂಜಿ ಇಳಿದಂಥ ಗುರುತಿತ್ತು. ಆಗ ಅವನಿಗೆ ಎಲ್ಲ ತಿಳಿಯಿತು. ಸೈನ್ಯದಲ್ಲಿ ಅವನು ಹಿಡಿಯುವ ಕೋವಿಯಲ್ಲಿ ತೋಟಾಗಳು ಒಂದರ ಮೇಲೆ ಒಂದು ಮಲಗಿರುತ್ತವೆ. ಯಾವುದರ ಮೂಗೂ ಯಾವುದರ ಬೆನ್ನಿಗೂ ತಾಗುವುದಿಲ್ಲ. ಅಲ್ಲಿ ಎಷ್ಟು ಚೂಪಾದರೂ ಒಳ್ಳೆಯದೇ.

ಅವನು ಅಣ್ಣನ ಕಾಲು ಹಿಡಿದುಕೊಂಡ. “ಗುಂಡು ಹೊರಟ ಮೇಲೆ ಎಲ್ಲಿಗೆ ಹೋಗುತ್ತದೆ ಎಂದಷ್ಟೇ ನೋಡಿದೆ ಅಣ್ಣಾ. ಹೊರಡುವ ಮೊದಲು ಯಾವುದರ ಬೆನ್ನಿಗಿರುತ್ತದೆ ಎಂದು ನೋಡಲಿಲ್ಲ,” ಎಂದು ಬಿಕ್ಕಿದ.

“ಹೋಗಲಿ ಬಿಡೋ. ನೀನು ಒಳ್ಳೆಯದಕ್ಕೇ ಮಾಡಿದೆ,” ಎಂದ ಅಣ್ಣ. ಅಣ್ಣ ನಾಲ್ಕು ಬೈದಿದ್ದರೆ ತಮ್ಮನಿಗೆ ಎಷ್ಟೋ ಸಮಾಧಾನವಾಗುತ್ತಿತ್ತು. ಅವನು ಬೈಯಲಿಲ್ಲ.

ಗುರುಗಳು ಕತೆ ನಿಲ್ಲಿಸಿ ಕಣ್ಣು ಮುಚ್ಚಿಕೊಂಡರು.

“ಹಾಗಾದರೆ ಹಂದಿ ಹಾಗೇ ಉಳಿಯಿತೇ? ಮೊಂಡು ಗುಂಡಿನ ಕೈಯಲ್ಲಿ ಆಗದ ಕೆಲಸ ಆಗದೆಯೇ ಹೋಯಿತೇ?” ಎಂದು ಪಂಚಾಕ್ಷರಿ ಕೇಳಿದ.

“ಇಲ್ಲ. ತಮ್ಮ ಒಡೆದ ಕೊಳವೆಯನ್ನು ತೆಗೆಸಿಹಾಕಿದ. ನಳಿಗೆಗೆ ಏನೂ ಆಗಿಲ್ಲವೆಂದು ಖಚಿತ ಮಾಡಿಕೊಂಡ. ಇನ್ನು ಆ ಕೋವಿಗೆ ಒಂದೊಂದೇ ತೋಟಾ ಹಾಕಬೇಕಿತ್ತು. ಒಂಟಿಯಾಗಿ ಹಾಕಿದರೆ ಚೂಪಿನಿಂದ ಅಪಾಯವಿಲ್ಲ ಎಂದು ಅವನಿಗೆ ಗೊತ್ತಿತ್ತು, ಮಡಕೆ ಒಡೆದವನು ಅವನೇ ಅಲ್ಲವೇ. ಆದರೂ ಅವನ್ನು ಮುಟ್ಟಲು ಅವನಿಗೆ ಮನಸ್ಸು ಬರಲಿಲ್ಲ. ಅಣ್ಣನ ಮೊಂಡು ತೋಟಾವನ್ನೇ ಹಾಕಿಕೊಂಡ. ಸುತ್ತು ಹಾದಿಯಲ್ಲಿ ಹಳ್ಳ ದಾಟಿ, ದಿಣ್ಣೆಯ ಹಿಂಬದಿಯಿಂದ ಮುಳ್ಳಿನಲ್ಲಿ ತೆವಳಿ, ಅದರ ಉಸಿರು ಕೇಳುವಷ್ಟು ಹತ್ತಿರ ಹೋದ. ಒಂದೇ ಗುಂಡಿಗೆ ಹಂದಿ ಬಿತ್ತು. ಮೊಂಡು ಗುಂಡಿಗೆ ಬೀಳುವುದಿಲ್ಲ ಎಂದು ಯಾರು ಹೇಳಿದರು? ಹತ್ತಿರ ಹೋಗಬೇಕು, ಅಷ್ಟೇ. ಶಾಂತಬಸವ ಎಲ್ಲರ ಹತ್ತಿರವೂ ಹೋಗುತ್ತಾನೆ.”

ಪಂಚಾಕ್ಷರಿಯ ಮುಖ ಕೆಂಪಾಯಿತು.

“ಆಯಿತು. ಅವನು ಮೊಂಡು, ನಾನು ಚೂಪು. ಒಪ್ಪಿದೆ,” ಎಂದ. “ಆದರೆ ನನ್ನಿಂದ ಯಾರ ಕೈ ಹೋಯಿತು ಬುದ್ಧೀ? ಮೊನ್ನೆ ನಾನು ಎದ್ದು ಮಾತಾಡಿದ್ದು ಎದುರಿಗಿದ್ದ ಆ ಪಂಡಿತನಿಗೆ.”

ಗುರುಗಳು ಕಣ್ಣು ತೆರೆದು ಅವನನ್ನೇ ನೋಡಿದರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ, ಆಯಾಸವಿತ್ತು.

“ಪಂಡಿತ ನಗುತ್ತ ಊರಿಗೆ ಹೋದ, ಮರಿ. ನೀನು ಕೂತಿದ್ದದ್ದು ನನ್ನ ಬೆನ್ನ ಹಿಂದೆ.”

ಪಂಚಾಕ್ಷರಿ ಮಡಿಲಲ್ಲಿದ್ದ ಗಂಟನ್ನು ಕೆಳಗಿಟ್ಟ.