ಚುಕ್ಕೆ ಅಂಗಿ ಮತ್ತು ಕಸಬರಿಗೆ ಗಾಡಿ

ಹೊಳೆದಂಡೆಯ ಆ ತಗಡಿನ ಚಪ್ಪರವನ್ನು ಸುತ್ತಲಿನ ಹಳ್ಳಿಯವರು ಆಶ್ರಮ ಎನ್ನುತ್ತಿದ್ದರು. ಒಳಗೆ ಹೋಗಿ ನೋಡಿದರೆ ದೇವರ ಪಟಗಳಿಗಿಂತ ಸೈಕಲ್ ಟ್ಯೂಬುಗಳೇ ಹೆಚ್ಚು ತೂಗುತ್ತಿದ್ದವು.

ಅಲ್ಲಿಯ ಗುರು ನಿಂಬೆವ್ವ ಅಕ್ಕೋರು. ಒಂದು ಕಾಲಕ್ಕೆ ಸೈಕಲ್ ರೇಸಿನಲ್ಲಿ ಗಂಡಸರ ಬೆವರಿಳಿಸಿದವರು. ಈಗ ಕೂದಲು ಬೆಳ್ಳಗಾಗಿ, ಮಾತು ಕಡಿಮೆಯಾಗಿತ್ತು. ಆಡಿದ ಒಂದೆರಡು ಮಾತಿನ ಅರ್ಥ ಕೂಡಲೇ ತಿಳಿಯುವಂಥ ಶಿಷ್ಯೆ ಅವರಿಗೆ ಇನ್ನೂ ಸಿಕ್ಕಿರಲಿಲ್ಲ.

ಇದ್ದ ಶಿಷ್ಯೆಯರಲ್ಲಿ ದಾನಮ್ಮ ಗುಡ್ಡ ಏರುವುದರಲ್ಲಿ ಎತ್ತಿದ ಕೈ. ಸಿಟ್ಟು ಮಾಡಿಕೊಳ್ಳುವುದರಲ್ಲೂ ಅವಳೇ ಮುಂದು.

ಆ ವರ್ಷ ಹೆಣ್ಣುಮಕ್ಕಳ ಐದು ದಿನದ ರೇಸು ನಡೆಯಿತು. ದಿನಕ್ಕೊಂದು ಹಂತ, ಒಂದು ಊರಿನಿಂದ ಇನ್ನೊಂದು ಊರಿಗೆ.

ಇಂಥ ರೇಸಿನಲ್ಲಿ ಗೆದ್ದವಳು ಒಬ್ಬಳೇ ಅಲ್ಲ. ಎಲ್ಲ ದಿನಗಳ ವೇಳೆ ಕೂಡಿಸಿದಾಗ ಯಾರದು ಎಲ್ಲಕ್ಕಿಂತ ಕಡಿಮೆಯೋ ಅವಳಿಗೆ ಹಳದಿ ಅಂಗಿ. ಹಂತದ ಕೊನೆಯಲ್ಲಿ, ನಡುದಾರಿಯ ಗೆರೆಗಳಲ್ಲಿ ಜೋರಾಗಿ ನುಗ್ಗಿ ಹೆಚ್ಚು ಅಂಕ ಗಳಿಸಿದವಳಿಗೆ ಹಸಿರು. ಗುಡ್ಡಗಳ ನೆತ್ತಿಯನ್ನು ಮೊದಲು ಮುಟ್ಟಿ ಅಂಕ ಗಳಿಸಿದವಳಿಗೆ ಬಿಳಿಯ ಮೇಲೆ ಕೆಂಪು ಚುಕ್ಕೆಗಳ ಅಂಗಿ. ಇವತ್ತು ಗೆದ್ದ ಅಂಗಿಯನ್ನು ನಾಳೆ ತೊಟ್ಟು ಓಡಬೇಕು. ನಾಳೆ ಬೇರೆಯವಳು ಮುಂದೆ ಹೋದರೆ ಬಿಚ್ಚಿ ಅವಳಿಗೆ ಕೊಡಬೇಕು.

ರೇಸು ನಡೆಸುವ ಸಂಘದವರ ಕೈ ಸ್ವಲ್ಪ ಬಿಗಿ. ಒಂದೊಂದು ಬಣ್ಣಕ್ಕೆ ಒಂದೇ ಅಂಗಿ ಹೊಲಿಸಿದ್ದರು. ಸಂಜೆ ಒಗೆದು ಒಣಹಾಕಿದರೆ ಬೆಳಿಗ್ಗೆ ಮತ್ತೆ ಅದೇ.

ನಾಲ್ಕು ಹಂತ ಮುಗಿದಾಗ ಚುಕ್ಕೆ ಅಂಗಿ ದಾನಮ್ಮನ ಮೈಮೇಲಿತ್ತು. ಕೊನೆಯ ಹಂತದಲ್ಲಿ ಗುಡ್ಡವೇ ಇಲ್ಲ, ಬರೀ ಬಯಲು. ಅವಳ ಅಂಕಗಳನ್ನು ಇನ್ನು ಯಾರೂ ಮುಟ್ಟುವಂತಿರಲಿಲ್ಲ. ಹೊತ್ತಿಗೆ ಸರಿಯಾಗಿ ಗೆರೆ ದಾಟಿದರೆ ಸಾಕು, ಅಂಗಿ ಅವಳದೇ.

ಆ ಅಂಗಿ ಅವಳಿಗೆ ಬೇಕಿತ್ತು. ಮೂವರು ಅಕ್ಕಂದಿರ ಬೆನ್ನಿಗೆ ಹುಟ್ಟಿದವಳು, ಬುದ್ಧಿ ಬಂದಾಗಿನಿಂದ ಅವರು ತೊಟ್ಟು ಬಿಟ್ಟದ್ದನ್ನೇ ತೊಟ್ಟವಳು. ತನಗಾಗಿಯೇ ಅಂತ ಒಂದು ಅಂಗಿ ಬಂದದ್ದು ಇದೇ ಮೊದಲು.

ಆದರೂ ಆ ಸಂಜೆ ಅವಳ ಮುಖ ಗಂಟಿಕ್ಕಿತ್ತು. ಹಳದಿ ಅಂಗಿ ಅವಳದೇ ತಂಡದ ಮೃಣಾಲಿನಿಯ ಪಾಲಾಗಿತ್ತು. ಮೃಣಾಲಿನಿಗೆ ಗಾಳಿ ತಾಗದಂತೆ ಮುಂದೆ ಓಡುವುದು, ನೀರು ತಂದು ಕೊಡುವುದು, ಇದು ದಾನಮ್ಮನ ಕೆಲಸ.

"ಅಕ್ಕೋರ, ಆಕಿ ಒಂದು ದಿನಾನೂ ಮೊದಲು ಬಂದಿಲ್ಲ. ಒಂದು ಗುಡ್ಡಾನೂ ಮೊದಲು ಏರಿಲ್ಲ. ಆದ್ರೂ ಹಳದಿ ಅಂಗಿ ಆಕೀದು. ಇದೆಂಥಾ ನ್ಯಾಯಾರಿ?"

ಅಕ್ಕೋರು ತಂಡದ ಬಿಡಾರದಲ್ಲಿ ಕೂತು ಟ್ಯೂಬಿಗೆ ತೇಪೆ ಹಚ್ಚುತ್ತಿದ್ದರು. "ನಿನ್ನೆ ಗುಡ್ಡ ಇಳದ ಮ್ಯಾಲ ಏನ್ ಮಾಡಿದಿ?" ಎಂದು ಕೇಳಿದರು.

"ದಣಿದಿದ್ನಿರಿ. ಆರಾಮ್ ಹೊಂಟೆ."

"ಮೊನ್ನೆ?"

"ಮೊನ್ನೇನೂ ಹಂಗೇರಿ."

"ಗುಡ್ಡ ನೀ ಏರೂದನ್ನ ಅಷ್ಟ ನೋಡ್ತೈತಿ," ಅಂದರು ಅಕ್ಕೋರು. "ಗಡಿಯಾರ ನೀ ಆರಾಮ್ ಹೋಗೂದನ್ನೂ ನೋಡ್ತೈತಿ."

ದಾನಮ್ಮನಿಗೆ ಇನ್ನಷ್ಟು ಸಿಟ್ಟು ಬಂತು. "ಹಂಗಾದ್ರ ನಂದು ಸಣ್ಣ ಅಂಗಿ ಅಂತೀರೇನು?"

ಅಕ್ಕೋರು ಟ್ಯೂಬನ್ನು ಅವಳ ಮಡಿಲಿಗೆ ಹಾಕಿ ಪಂಪನ್ನು ಮುಂದಿಟ್ಟರು. "ಗಾಳಿ ಹಾಕು. ನಾಳೆ ಗೆರಿ ದಾಟು. ಸಣ್ಣದೋ ದೊಡ್ಡದೋ ಆಮ್ಯಾಲ ನೋಡೂಣು."

ದಾನಮ್ಮ ಗಾಳಿ ಹಾಕಿದಳು. ಟ್ಯೂಬು ಒಡೆಯದಿದ್ದದ್ದು ಪುಣ್ಯ.

ಅಕ್ಕೋರಿಗೂ ಆ ರೇಸಿನಲ್ಲಿ ಒಂದು ಕೆಲಸವಿತ್ತು. ಸಂಘದವರು ಪ್ರತಿವರ್ಷ ಬಂದು, ವೇದಿಕೆಯ ಮೇಲೆ ಕೂತು ಗೆದ್ದವರಿಗೆ ಹಾರ ಹಾಕಿ ಎಂದು ಕೇಳುತ್ತಿದ್ದರು. ಅಕ್ಕೋರು ಪ್ರತಿವರ್ಷ ಒಲ್ಲೆ ಅನ್ನುತ್ತಿದ್ದರು. "ಅಲ್ಲಿಂದ ಬರೇ ಗೆದ್ದವರ ಮಾರಿ ಕಾಣ್ತಾವ. ನನಗ ಕಸಬರಿಗಿ ಗಾಡಿ ಕೊಡ್ರಿ."

ಕಸಬರಿಗೆ ಗಾಡಿ ಅಂದರೆ ಎಲ್ಲರಿಗಿಂತ ಹಿಂದೆ ಬರುವ ವ್ಯಾನು. ಅದರ ಮೂತಿಗೆ ನಿಜವಾದ ಕಸಬರಿಗೆಯನ್ನೇ ಕಟ್ಟಿರುತ್ತಾರೆ. ಇನ್ನು ನನ್ನಿಂದಾಗದು ಎಂದವರನ್ನು ಸೈಕಲ್ ಸಮೇತ ಗುಡಿಸಿಕೊಂಡು ಬರುವುದು ಅದರ ಕೆಲಸ. ಹತ್ತಿದವಳಿಗೆ ಅಲ್ಲಿಗೆ ರೇಸು ಮುಗಿಯಿತು. ಹಿಂದೆ ಗಳಿಸಿದ ಅಂಕವೂ ಇಲ್ಲ, ಅಂಗಿಯೂ ಇಲ್ಲ. ವ್ಯಾನು ಅವಳನ್ನು ದಾಟಿ ಹೋದರೂ ಅಷ್ಟೇ, ಬೆನ್ನಿನ ನಂಬರು ಬಿಚ್ಚಿ ಕೊಡಬೇಕು.

ಕೊನೆಯ ದಿನ, ರೇಸು ಮುಗಿಯುವ ಊರು ಇನ್ನೊಂದು ಹರದಾರಿ ಇರುವಾಗ ಮೃಣಾಲಿನಿಯ ಸೈಕಲ್ಲು ರಸ್ತೆಯ ಗುಂಡಿಗೆ ಬಿತ್ತು. ಅವಳಿಗೆ ಏನೂ ಆಗಲಿಲ್ಲ. ಮುಂದಿನ ಗಾಲಿ ಮಾತ್ರ ಕರಿದ ಹಪ್ಪಳದ ಹಾಗೆ ಸೊಟ್ಟಗಾಯಿತು.

ತಂಡದ ಕಾರು ಬಂದು ನಿಂತಿತು. ಅದರಲ್ಲಿದ್ದ ಹೆಚ್ಚಿನ ಗಾಲಿ ಬೆಳಿಗ್ಗೆಯೇ ಇನ್ನೊಬ್ಬಳಿಗೆ ಹೋಗಿತ್ತು. ತಂಡದ ಮ್ಯಾನೇಜರ್ ಅಪ್ಪಾಸಾಬ ಕಿಟಕಿಯಿಂದ ತಲೆ ಹೊರಗೆ ಹಾಕಿದ.

"ದಾನಮ್ಮ, ನಿನ್ನ ಗಾಲಿ ಕೊಡು."

"ನನ್ನ ಅಂಗಿ, ಸರ?"

"ಹಳದಿ ಹೋದ್ರ ತಂಡಾನ ಹೋತು. ನೀ ಇಲ್ಲೇ ನಿಂದ್ರು, ಊರಾಗಿಂದ ಗಾಲಿ ತಗೊಂಡು ಈಗ ಬಂದೆ."

ದಾನಮ್ಮ ಗಾಲಿ ಬಿಚ್ಚಿ ಕೊಟ್ಟಳು. ಪ್ರೀತಿಯಿಂದ ಕೊಟ್ಟಳು ಎಂದರೆ ಸುಳ್ಳಾಗುತ್ತದೆ. ತಂಡದ ಕೆಲಸ ಮಾಡುತ್ತೇನೆ ಎಂದು ಒಪ್ಪಿಕೊಂಡು ಬಂದಿದ್ದಳು, ಒಪ್ಪಿಕೊಂಡದ್ದನ್ನು ಹಲ್ಲು ಕಚ್ಚಿ ಮಾಡಿದಳು. ಮೃಣಾಲಿನಿ ಹಿಂತಿರುಗಿ ನೋಡದೆ ಹೊರಟುಹೋದಳು. ಕಾರೂ ಅವಳ ಬೆನ್ನು ಹಿಡಿಯಿತು.

ಹಿಂದಿನ ಗುಂಪು ದಾಟಿ ಹೋಯಿತು. ಅದರ ಹಿಂದಿನವರೂ ಹೋದರು. ಅಪ್ಪಾಸಾಬ ಬರಲಿಲ್ಲ. ಹಳದಿ ಅಂಗಿಯ ಹಿಂದೆ ಹೋದವನಿಗೆ ಚುಕ್ಕೆ ಅಂಗಿ ಮರೆತೇ ಹೋಗಿತ್ತು.

ಕೊನೆಗೆ ಕಸಬರಿಗೆ ಗಾಡಿ ಬಂತು. ಸ್ಟೇರಿಂಗಿನ ಹಿಂದೆ ಅಕ್ಕೋರು ಕೂತಿದ್ದರು.

"ಹತ್ತತಿಯೇನು?" ಎಂದು ಕೇಳಿದರು.

"ನೀವೂ ಅವರ ಕಡೀನೇನ್ರಿ ಅಕ್ಕೋರ?"

"ಕೇಳೂದು ನನ್ನ ಕೆಲಸ. ಒಲ್ಲೆ ಅನ್ನೂದು ನಿನ್ನ ಕೆಲಸ."

"ಒಲ್ಲೆ."

ಅವಳು ಸೈಕಲ್ಲಿನ ಹ್ಯಾಂಡಲ್ಲು ಎತ್ತಿ ಹಿಡಿದು, ಉಳಿದ ಒಂದೇ ಗಾಲಿಯ ಮೇಲೆ ಅದನ್ನು ತಳ್ಳುತ್ತ ಹೊರಟಳು. ಸೊಟ್ಟ ಗಾಲಿಯನ್ನು ಕೊರಳಿಗೆ ಹಾಕಿಕೊಂಡಳು. ಅದು ಹೆಜ್ಜೆಗೊಮ್ಮೆ ಪಕ್ಕೆಗೆ ಬಡಿಯುತ್ತಿತ್ತು.

"ಆ ಸೊಟ್ಟ ಗಾಲೀನರ ಗಾಡ್ಯಾಗ ಒಗಿ," ಅಂದರು ಅಕ್ಕೋರು.

"ಬ್ಯಾಡ್ರಿ. ಗಾಡಿ ಒಳಗ ನಂದೇನೂ ಬರಂಗಿಲ್ಲ."

ವ್ಯಾನು ಅವಳ ಹಿಂದೆ ತೆವಳತೊಡಗಿತು.

ರೇಸಿನ ಬೂಟಿನ ಅಡಿಗೆ ಪೆಡಲ್ಲಿಗೆ ಸಿಕ್ಕಿಸುವ ಗಟ್ಟಿ ತುಂಡು ಇರುತ್ತದೆ. ಅದನ್ನು ಹಾಕಿಕೊಂಡು ನಡೆಯುವುದೆಂದರೆ ಕಲ್ಲಿನ ಮೇಲೆ ಜಾರಿದಂತೆ. ದಾನಮ್ಮ ಎರಡು ಸಲ ಮುಗ್ಗರಿಸಿದಳು. ಆದರೂ ಅವಳ ತಲೆಯಲ್ಲಿ ಬೇರೆಯೇ ಕುದಿಯುತ್ತಿತ್ತು.

"ಅಕ್ಕೋರ, ಗಾಲಿ ಕೊಟ್ಟದ್ದು ನನ್ನ ತಪ್ಪೇನ್ರಿ?"

"ಬೂಟು ಬಿಚ್ಚು," ಅಂದರು ಅಕ್ಕೋರು. "ಕಾಲು ಮುರಕೊಂಡ್ರ ಆ ಪ್ರಶ್ನಿ ಕೇಳಾಕೂ ಪುರಸೊತ್ತು ಇರಂಗಿಲ್ಲ."

ಬೂಟು ಬಿಚ್ಚಿ ಬೆನ್ನಿಗೆ ಕಟ್ಟಿಕೊಂಡಳು. ಬಿಸಿಲಿಗೆ ಡಾಂಬರು ಕಾದಿತ್ತು. ಕಾಲುಚೀಲ ಬೇಗ ಹರಿದು, ಅಂಗಾಲು ನೆಲ ಮುಟ್ಟಿತು.

ರಸ್ತೆಯ ಎರಡೂ ಬದಿಗೆ ಪೊಲೀಸರು ವಾಹನ ತಡೆದು ನಿಲ್ಲಿಸಿದ್ದರು. ಕಸಬರಿಗೆ ಗಾಡಿ ದಾಟುವ ತನಕ ದಾರಿ ತೆರೆಯುವಂತಿಲ್ಲ. ಬಸ್ಸುಗಳು ಹಾರ್ನ್ ಬಾರಿಸಿದವು, ಕಬ್ಬಿನ ಟ್ರ್ಯಾಕ್ಟರುಗಳು ಗುರುಗುಟ್ಟಿದವು. "ಹತ್ತವಾ ತಂಗಿ, ನಮಗೂ ಮನಿ ಅದಾವ," ಎಂದು ಒಬ್ಬ ಕಂಡಕ್ಟರ್ ಬಾಗಿಲಲ್ಲಿ ನಿಂತು ಕೂಗಿದ.

ದಾನಮ್ಮ ತಿರುಗಿ ನೋಡಲಿಲ್ಲ. ನಾಚಿಕೆಯಿಂದ ಕಿವಿ ಬಿಸಿಯಾದವು. ಆದರೆ ಕಾಲು ನಿಲ್ಲಲಿಲ್ಲ.

ಸ್ವಲ್ಪ ಹೊತ್ತಿನ ಮೇಲೆ ಅಕ್ಕೋರು ಗಡಿಯಾರ ನೋಡಿದರು. ಗೆದ್ದವಳು ಬಂದ ಮೇಲೆ ಇಂತಿಷ್ಟು ಹೊತ್ತಿನೊಳಗೆ ಬರದಿದ್ದವರು ಲೆಕ್ಕಕ್ಕಿಲ್ಲ ಎಂಬ ನಿಯಮವಿತ್ತು. ಅದು ಇಬ್ಬರಿಗೂ ಗೊತ್ತಿತ್ತು.

"ವ್ಯಾಳ್ಯಾ ಮೀರಿತು ದಾನವ್ವ," ಅಂದರು. ದನಿಯಲ್ಲಿ ಸುತ್ತುಬಳಸು ಇರಲಿಲ್ಲ. "ಅಂಗಿ ಹೋತು."

ದಾನಮ್ಮ ಅತ್ತಳು. ಮುಚ್ಚಿಡದೆ, ಮೂಗು ಒರೆಸಿಕೊಳ್ಳಲು ಕೈ ಬಿಡುವಿಲ್ಲದೆ, ಸೈಕಲ್ಲು ತಳ್ಳುತ್ತಲೇ ಅತ್ತಳು. ನಾಲ್ಕು ದಿನ ಏರಿದ ಗುಡ್ಡಗಳೆಲ್ಲ ಯಾರೋ ಬೇರೆಯವರು ಏರಿದಂತಾದವು.

"ಈಗ ಹತ್ತತಿಯೇನು?"

"ಒಲ್ಲೆರಿ."

"ಯಾಕ? ಅಂಗಿ ಹೋತಲ್ಲ."

ದಾನಮ್ಮ ಹ್ಯಾಂಡಲ್ಲನ್ನು ಇನ್ನಷ್ಟು ಎತ್ತಿ ಹಿಡಿದಳು. "ಗೊತ್ತಿಲ್ರಿ," ಅಂದಳು. "ಆದ್ರ ಹತ್ತಂಗಿಲ್ಲ."

ಅಕ್ಕೋರು ಅವಳನ್ನು ಒಂದು ಗಳಿಗೆ ನೋಡಿದರು. ಆಮೇಲೆ ಸೀಟಿನಲ್ಲಿ ನೆಟ್ಟಗೆ ಕೂತರು, ಇನ್ನೂ ಬಹಳ ದೂರ ಗಾಡಿ ಓಡಿಸಬೇಕಾದವರ ಹಾಗೆ.

ಕೈ ಸೋತಾಗ ದಾನಮ್ಮ ಸೈಕಲ್ಲನ್ನು ಹೆಗಲಿಗೆ ಏರಿಸಿದಳು. ಊರಿನ ಮೊದಲ ಮನೆಗಳು ಕಾಣುವ ಹೊತ್ತಿಗೆ ಎದುರಿನಿಂದ ಒಂದು ಮೋಟರ್‌ಸೈಕಲ್ ಬಂತು. ಅದರ ಮೇಲಿದ್ದವರು ಮುಖ್ಯ ತೀರ್ಪುಗಾರ ಶೇಷಗಿರಿ ಸರ್. ಕಂಕುಳಲ್ಲಿ ಒಂದು ಸಾದಾ ಅಂಗಿ ಇತ್ತು.

"ಏನವಾ ಇದು?" ಅಂದರು. "ಮಂತ್ರಿಗಳು ಬಂದು ಕುಂತಾರ. ಹಳದಿ ಕೊಟ್ಟಾತು, ಹಸಿರು ಕೊಟ್ಟಾತು. ಚುಕ್ಕಿ ಅಂಗಿ ನಿನ್ನ ಮೈಮ್ಯಾಲ ಐತಿ. ಅಂಕದಾಗ ನಿನ್ನ ಹಿಂದಿನಾಕಿ ಪಾರುಬಾಯಿ ಬರೇ ಕೈಲೆ ನಿಂತಾಳ."

ದಾನಮ್ಮ ಸೈಕಲ್ಲು ಇಳಿಸಲಿಲ್ಲ. "ನಾ ಬರಾಕತ್ತೀನಲ್ರಿ ಸರ."

"ನೀ ಬರೂತನಾ ಕುಂದ್ರಾಕ ಆಗಂಗಿಲ್ಲ. ಇದನ್ನ ಹಾಕ್ಕೋ, ಅದನ್ನ ಕೊಡು. ಗಾಡ್ಯಾಗ ಹತ್ತಿ ಬದಲಿ ಮಾಡ್ಕೋ, ಹಂಗ ಕುಂತು ಬಂದುಬಿಡು. ನಿನಗೂ ಆರಾಮ, ನಮಗೂ ಆರಾಮ."

ದಾನಮ್ಮ ವ್ಯಾನಿನ ಬಾಗಿಲನ್ನು ನೋಡಿದಳು. ಒಳಗೆ ನೆರಳಿತ್ತು, ನೀರಿನ ಬಾಟಲಿ ಇತ್ತು. ಅಂಗಾಲು ಸುಡುತ್ತಿದ್ದವು.

"ಗಾಡಿ ಹತ್ತಂಗಿಲ್ರಿ," ಅಂದಳು. "ಅಂಗಿ ನಂದಲ್ಲ, ಗೊತ್ತೈತಿ. ಪಾರುಬಾಯಿದು. ಗೆರಿ ದಾಟಿ ನನ್ನ ಕೈಯಾರೆ ಆಕಿ ಕೈಯಾಗ ಕೊಡ್ತೀನಿ. ಇಲ್ಲಿ ರಸ್ತಾದ ಮ್ಯಾಲ ಕೊಡಂಗಿಲ್ಲ."

"ನಾ ಮುಖ್ಯ ತೀರ್ಪುಗಾರ ಅದೀನಿ."

"ಹೌದ್ರಿ."

ಅಷ್ಟು ಹೇಳಿ ಅವಳು ಅವರ ಪಕ್ಕದಿಂದಲೇ ಮುಂದೆ ನಡೆದಳು. ಶೇಷಗಿರಿ ಸರ್ ಸಾದಾ ಅಂಗಿ ಹಿಡಿದುಕೊಂಡು ನಿಂತೇ ಉಳಿದರು. ಅವರಿಗೆ ಇಂಥ ಉತ್ತರ ಕೇಳಿ ಅಭ್ಯಾಸವಿರಲಿಲ್ಲ.

ಅವರು ವ್ಯಾನಿನ ಕಿಟಕಿಗೆ ಬಂದರು. "ಅಕ್ಕೋರ, ನಿಮ್ಮ ಶಿಷ್ಯಾಳು ಅಂತ ಹಿಂಗ ಮಾಡಬ್ಯಾಡ್ರಿ. ಗಾಡಿ ಜೋರ್ ಬಿಡ್ರಿ, ಆಕಿನ್ನ ದಾಟಿ ಬರ್ರಿ. ನಂಬರು ತಾನ ಬಿಚ್ಚಬೇಕಾಗ್ತೈತಿ."

"ಗಾಡಿ ಕಡೀಕ ಬರೂವಾಕಿ ಹಿಂದ ಇರಬೇಕು ಅಂತ ನಿಯಮದಾಗ ನೀವ ಬರದೀರಿ," ಅಂದರು ಅಕ್ಕೋರು. "ಬ್ಯಾರೇದವರ ಶಿಷ್ಯಾಳಿದ್ರೂ ಹಿಂದ ಇರತಿದ್ದೆ."

"ಒಲ್ಲೆ ಅಂದವರನ್ನ ಬಿಟ್ಟು ಬರಬೇಕು ಅಂತಾನೂ ಬರದೀನ್ರಿ."

"ನಿಂತಾಕಿನ್ನ ಬಿಟ್ಟು ಬರಬಹುದು. ಆಕಿ ನಿಂತಿಲ್ಲ."

ಗಾಡಿಯ ಹಿಂದೆಯೇ ತೆವಳುತ್ತ ಬಂದಿದ್ದ ಬಸ್ಸುಗಳ ಹಾರ್ನುಗಳು ಮತ್ತೆ ಶುರುವಾದವು. ಬಸ್ಸಿನಿಂದ ಕೆಲವರು ಇಳಿದು ಬಂದು, ಏನು ನಡೆದಿದೆ ಎಂದು ಕತ್ತು ಉದ್ದ ಮಾಡಿ ನೋಡಿದರು. ಆಗಲೇ ಕೂಗಿದ ಕಂಡಕ್ಟರನೂ ಬಂದಿದ್ದ. ಅವನು ದಾನಮ್ಮನ ಬರಿಗಾಲು ನೋಡಿದ, ಬಸ್ಸಿನ ಕಡೆ ತಿರುಗಿ ಹಾರ್ನ್ ನಿಲ್ಲಿಸು ಎಂದು ಡ್ರೈವರನಿಗೆ ಕೈ ಮಾಡಿದ.

ದಾನಮ್ಮ ಇದಾವುದನ್ನೂ ನೋಡಲಿಲ್ಲ. ಅವಳಿಗೆ ಹಿಂದಿನ ಮಾತು ಕೇಳುತ್ತಿತ್ತು, ಅಷ್ಟೇ. ಹೆಗಲು ಬದಲಿಸಿದಳು. ಅಂಗಾಲು ಊರಿದಲ್ಲೆಲ್ಲ ಸಣ್ಣಗೆ ಕೆಂಪು ಉಳಿಯುತ್ತಿತ್ತು. ದೂರದಲ್ಲಿ ಧ್ವನಿವರ್ಧಕ ಮಂತ್ರಿಗಳ ಹೆಸರು ಹೇಳುತ್ತಿತ್ತು, ಅವರನ್ನು ಮತ್ತೆ ಮತ್ತೆ ಸ್ವಾಗತಿಸುತ್ತಿತ್ತು.

ಶೇಷಗಿರಿ ಸರ್ ಹಣೆ ಒರೆಸಿಕೊಂಡರು. "ರೇಸು ಮುಗದು ಎಷ್ಟೊತ್ತಾತ್ರಿ ಅಕ್ಕೋರ. ಗೆದ್ದವರು ಹಾರ ಹಾಕ್ಕೊಂಡು ನಿಂತಾರ. ಇನ್ನ ಎಷ್ಟೊತ್ತು ಕಾಯಬೇಕು ನಾವು? ನೀವರ ಹೇಳ್ರಿ."

ಅಕ್ಕೋರು ಗಾಡಿಯನ್ನು ಮೊದಲನೇ ಗೇರಿಗೆ ಹಾಕಿದರು.

"ನನ್ನ ಯಾಕ ಕೇಳ್ತೀರಿ ಸರ? ರೇಸಿನ್ಯಾಗ ಇನ್ನೂ ಇರೂವಾಕಿ ಆಕಿ ಒಬ್ಬಾಕೀನ. ಆಕಿನ್ನ ಕೇಳ್ರಿ."